ಮೈ ಒಬ್ಬನದು, ನಾಲಿಗೆ ಇನ್ನೊಬ್ಬನದು: ಥಾಯ್ ಹೊಡೆದಾಟದ ಸಿನಿಮಾ ಮತ್ತು ಅದರ ಅಣಕ



ದತ್ತಿ ಉಪನ್ಯಾಸವೆಂದರೆ ಶಾಸನವೋ ಛಂದಸ್ಸೋ ವಚನವೋ ಇರಬೇಕೆಂಬುದು ನಮ್ಮಲ್ಲಿ ರೂಢಿ. ಥಾಯ್ಲೆಂಡಿನ ಹೊಡೆದಾಟದ ಸಿನಿಮಾ, ಅದೂ ಸಾಲದೆಂಬಂತೆ ಆ ಹೊಡೆದಾಟವನ್ನು ಗೇಲಿ ಮಾಡುವ ಸಿನಿಮಾ ನನ್ನ ವಿಷಯವೆಂದು ತಿಳಿಸಿದಾಗ ವ್ಯವಸ್ಥಾಪಕರು ಒಂದು ಕ್ಷಣ ಸುಮ್ಮನಾದರು. ಆಮೇಲೆ ದೊಡ್ಡ ಮನಸ್ಸು ಮಾಡಿ ಒಪ್ಪಿದರು. ಅವರ ಧೈರ್ಯಕ್ಕೆ ನಮಸ್ಕಾರ. ವಿಷಯ ಹಗುರವೆಂದು ಕಂಡರೂ ಅದರ ಬುಡ ಆಳದಲ್ಲಿದೆ. ಆ ಬುಡದಲ್ಲಿ ನಮ್ಮ ಹನುಮಂತನೂ ಕೂತಿದ್ದಾನೆ.

ಮೊದಲು ಒಂದು ಊರಿನ ಹೆಸರು ಹೇಳುತ್ತೇನೆ: ಪಾಕ್ ಚೋಂಗ್. ಬ್ಯಾಂಕಾಕಿನಿಂದ ಈಶಾನ್ಯಕ್ಕೆ ಹೊರಟರೆ ನಖೋನ್ ರಾಚಸೀಮಾ ಪ್ರಾಂತ್ಯದಲ್ಲಿ ಸಿಗುವ ಸಣ್ಣ ಪಟ್ಟಣ. ಈಸಾನ್ ಎಂದು ಕರೆಯುವ ಈಶಾನ್ಯ ಥಾಯ್ಲೆಂಡಿಗೆ ಅದು ಹೆಬ್ಬಾಗಿಲಿದ್ದಂತೆ. 1971ರಲ್ಲಿ ಹಾಂಗ್‌ಕಾಂಗಿನ ಒಂದು ತಂಡ ಅಲ್ಲಿಗೆ ಬಂದು ಕಡಿಮೆ ಖರ್ಚಿನಲ್ಲಿ ಒಂದು ಚಿತ್ರ ತೆಗೆಯಿತು. ಕತೆ ನಡೆಯುವುದು ಒಂದು ಐಸ್ ಫ್ಯಾಕ್ಟರಿಯಲ್ಲಿ. ಮಂಜುಗಡ್ಡೆಯೊಳಗೆ ಮಾದಕವಸ್ತು ಅಡಗಿಸಿ ಸಾಗಿಸುವ ಧಣಿ, ಅದನ್ನು ಕಂಡುಹಿಡಿಯುವ ಕೂಲಿಯವರು. ಚಿತ್ರದ ಹೆಸರು ‘ದಿ ಬಿಗ್ ಬಾಸ್’, ನಾಯಕ ಬ್ರೂಸ್ ಲೀ. ಜಗತ್ತಿಗೆಲ್ಲ ಕುಂಗ್‌ಫೂ ಹುಚ್ಚು ಹಿಡಿಸಿದ ನಟ ಮೊದಲು ನಾಯಕನಾಗಿ ಕಾಲೆತ್ತಿದ್ದು ಥಾಯ್ ನೆಲದಲ್ಲಿ. ಥಾಯ್ ಜನ ಈ ಮಾದರಿಯನ್ನು ಹೊರಗಿನಿಂದ ತಂದು ಅನುಕರಿಸಿದರು ಎಂದು ಸಲೀಸಾಗಿ ಹೇಳುವವರಿಗೆ ಪಾಕ್ ಚೋಂಗ್ ನೆನಪಿಸಬೇಕು. ಆ ಐಸ್ ಫ್ಯಾಕ್ಟರಿಯನ್ನು ಮರೆಯಬೇಡಿ, ಮುಂದೆ ಬೇಕಾಗುತ್ತದೆ.

ಈಗ ಸಿನಿಮಾ ಹುಟ್ಟುವುದಕ್ಕೆ ಎಷ್ಟೋ ಕಾಲ ಹಿಂದಕ್ಕೆ ಹೋಗೋಣ. ಥಾಯ್ ಅರಮನೆಯ ರಂಗಕಲೆ ಖೋನ್. ಅದರ ಕತೆ ರಾಮಕಿಯೆನ್, ಅಂದರೆ ಅವರ ರಾಮಾಯಣ. ರಾಕ್ಷಸರು, ಕಪಿಗಳು ಮುಖವಾಡ ತೊಟ್ಟು ಕುಣಿಯುತ್ತಾರೆ. ಮುಖವಾಡ ತಲೆಯನ್ನೆಲ್ಲ ಮುಚ್ಚುವುದರಿಂದ ಅವರು ಮಾತನಾಡುವುದಿಲ್ಲ. ಪಕ್ಕದಲ್ಲಿ ಕುಳಿತ ವಾಚಕರು ಅವರ ಪರವಾಗಿ ಪದ್ಯ ಹೇಳುತ್ತಾರೆ, ಸಂಭಾಷಣೆ ಒಪ್ಪಿಸುತ್ತಾರೆ. ನಮ್ಮ ಯಕ್ಷಗಾನದಲ್ಲಿ ಭಾಗವತರು ಹಾಡಿದರೂ ವೇಷಧಾರಿ ತನ್ನ ಅರ್ಥವನ್ನು ತಾನೇ ಹೇಳುತ್ತಾನೆ, ರಾತ್ರಿಯಿಡೀ ಹೇಳುತ್ತಾನೆ. ಖೋನ್‌ನಲ್ಲಿ ಕುಣಿಯುವ ಮೈ ಬೇರೆ, ನುಡಿಯುವ ನಾಲಿಗೆ ಬೇರೆ. ಇದಕ್ಕೊಂದು ಅಪವಾದವಿದೆ. ಹಾಸ್ಯಗಾರನಿಗೆ ತನ್ನ ಬಾಯಿಂದ ತಾನೇ ಮಾತನಾಡುವ ಹಕ್ಕುಂಟು. ವೀರನಿಗೆ ಮಾತಿಲ್ಲ, ಕೋಡಂಗಿಗೆ ಉಂಟು. ಇವತ್ತು ನಾನು ಹೇಳಬೇಕಾದದ್ದು ಹೆಚ್ಚುಕಡಿಮೆ ಇಷ್ಟೇ. ಉಳಿದದ್ದೆಲ್ಲ ಈ ಏರ್ಪಾಡು ಬೆಳ್ಳಿತೆರೆಗೆ ಹೇಗೆ ದಾಟಿತು, ಅಲ್ಲಿ ಏನೇನು ಕಿತಾಪತಿ ಮಾಡಿತು ಎಂಬುದರ ವಿವರ.

ಹನುಮಂತನ ಮಾತು ತೆಗೆದೆ. ರಾಮಕಿಯೆನ್‌ನ ಹನುಮಾನ್ ನಮ್ಮ ಆಂಜನೇಯನ ಹಾಗೆ ಬ್ರಹ್ಮಚಾರಿಯಲ್ಲ. ಸೇತುವೆ ಕಟ್ಟುವಾಗ ಕಲ್ಲು ಕದಿಯುವ ಮತ್ಸ್ಯಕನ್ಯೆ ಸುವಣ್ಣಮಚ್ಛಾಳನ್ನು ಅಟ್ಟಿಸಿಕೊಂಡು ಹೋಗಿ ಅವಳನ್ನೇ ಒಲಿಸಿಕೊಂಡು ಬರುತ್ತಾನೆ. ಅವಳಿಗೆ ಅವನಿಂದ ಮಗನೂ ಹುಟ್ಟುತ್ತಾನೆ. ಯುದ್ಧವೀರ, ರಸಿಕ, ಚೇಷ್ಟೆಗಾರ ಮೂವರೂ ಒಂದೇ ಮೈಯಲ್ಲಿ. ಥಾಯ್ ಜನರ ಕಾದಾಟದ ಕಲೆ ಮುಯ್ ಥಾಯ್‌ನ ಹಳೆಯ ಪಟ್ಟುಗಳಲ್ಲಿ ‘ಹನುಮಾನ್ ಉಂಗುರ ಒಪ್ಪಿಸಿದ್ದು’ ಎಂಬ ಹೆಸರಿನದೊಂದಿದೆ: ಎರಡೂ ಮುಷ್ಟಿಯನ್ನು ಒಟ್ಟಿಗೆ ಕೆಳಗಿನಿಂದ ಎದುರಾಳಿಯ ಗದ್ದಕ್ಕೆ ಎತ್ತುವುದು. ಸೀತೆಗೆ ಭಕ್ತಿಯಿಂದ ಕೊಟ್ಟ ಉಂಗುರ ಇಲ್ಲಿ ಎದುರಾಳಿಯ ಹಲ್ಲು ಉದುರಿಸುವ ಏಟು. ಹೆಸರಿಟ್ಟವನು ಭಕ್ತನೋ ತಮಾಷೆಗಾರನೋ ಎಂದು ಬೇರ್ಪಡಿಸಿ ಹೇಳಲಾಗದು, ಆ ನಾಡಿನಲ್ಲಿ ಬೇರ್ಪಡಿಸುವ ಅಗತ್ಯವೂ ಬಿದ್ದಂತಿಲ್ಲ.

ಎರಡನೇ ಮಹಾಯುದ್ಧದ ನಂತರ ಥಾಯ್ಲೆಂಡಿನಲ್ಲಿ ಸಿನಿಮಾ ತೆಗೆಯುವವರಿಗೆ 35 ಮಿಲಿಮೀಟರ್ ಫಿಲ್ಮ್ ದುಬಾರಿಯಾಯಿತು. 16 ಮಿಲಿಮೀಟರಿನಲ್ಲಿ, ಧ್ವನಿಯಿಲ್ಲದೆ ತೆಗೆದರು. ಧ್ವನಿ ಸೇರುತ್ತಿದ್ದದ್ದು ಟಾಕೀಸಿನಲ್ಲಿ. ಮೈಕಿನ ಮುಂದೆ ಕುಳಿತ ಮಾತುಗಾರರು ನಾಯಕ, ನಾಯಕಿ, ಖಳ, ಮುದುಕಿ ಎಲ್ಲರ ದನಿಯನ್ನೂ ಸ್ಥಳದಲ್ಲೇ ಕೊಡುತ್ತಿದ್ದರು. ಜನ ಆಕಳಿಸಿದರೆ ನಾಯಕನ ಬಾಯಲ್ಲಿ ಒಂದು ಹೊಸ ಚಟಾಕಿ. ಊರು ಬದಲಾದರೆ ಸಂಭಾಷಣೆಯೂ ಬದಲು. ಖೋನ್‌ನ ಪಕ್ಕವಾದ್ಯದವರ ಜಾಗದಿಂದ ವಾಚಕರು ಎದ್ದು ಪ್ರೊಜೆಕ್ಟರಿನ ಬಳಿಗೆ ಬಂದು ಕೂತರು, ಅಷ್ಟೆ. ಒಂದೇ ಚಿತ್ರ ಒಂದೂರಿನಲ್ಲಿ ವೀರರಸ, ಇನ್ನೊಂದೂರಿನಲ್ಲಿ ಹಾಸ್ಯ. ಹೊಡೆದಾಟದ ಸಿನಿಮಾದ ಅಣಕ ಥಾಯ್ಲೆಂಡಿನಲ್ಲಿ ಯಾವಾಗ ಶುರುವಾಯಿತು ಎಂದು ಯಾರಾದರೂ ಕೇಳಿದರೆ ನಾನು ಈ ಮೈಕುಗಳ ಕಡೆಗೆ ಬೆರಳು ತೋರಿಸುತ್ತೇನೆ.

ಆ ಕಾಲದ ದೊಡ್ಡ ನಾಯಕ ಮಿತ್ ಚೈಬಂಚಾ. ಇನ್ನೂರಕ್ಕೂ ಹೆಚ್ಚು ಚಿತ್ರ. ಮುಖವಾಡ ತೊಟ್ಟು ದುಷ್ಟರನ್ನು ಸದೆಬಡಿಯುವ ‘ಕೆಂಪು ಹದ್ದು’ ಅವನ ಹೆಸರುವಾಸಿ ಪಾತ್ರ. 1970ರ ಅಕ್ಟೋಬರ್ 8ರಂದು ಪಟ್ಟಾಯದ ಹತ್ತಿರದ ಕಡಲತೀರದಲ್ಲಿ ‘ಇನ್ಸೀ ಥೋಂಗ್’, ಅಂದರೆ ‘ಚಿನ್ನದ ಹದ್ದು’ ಚಿತ್ರದ ಕೊನೆಯ ದೃಶ್ಯ. ನಿರ್ದೇಶಕನೂ ಅವನೇ. ಹೆಲಿಕಾಪ್ಟರಿನಿಂದ ಇಳಿಬಿಟ್ಟ ಹಗ್ಗದ ಏಣಿ ಹಿಡಿದು ನಾಯಕ ಆಕಾಶಕ್ಕೆ ಹಾರಿಹೋಗಬೇಕು. ಬದಲಿಗೆ ಇನ್ನೊಬ್ಬನನ್ನು ಹಾಕಲಿಲ್ಲ. ಏಣಿಯ ಮೇಲೆ ಕಾಲು ಊರುವ ಮೊದಲೇ ಹೆಲಿಕಾಪ್ಟರ್ ಮೇಲೇರಿತು, ಕೈ ಜಾರಿತು. ಕ್ಯಾಮೆರಾ ಓಡುತ್ತಲೇ ಇತ್ತು. ನಮ್ಮಲ್ಲೂ 2016ರ ನವೆಂಬರಿನಲ್ಲಿ ತಿಪ್ಪಗೊಂಡನಹಳ್ಳಿ ಜಲಾಶಯದ ಮೇಲೆ ಚಿತ್ರೀಕರಣಕ್ಕೆಂದು ಹೆಲಿಕಾಪ್ಟರಿನಿಂದ ಜಿಗಿದ ಇಬ್ಬರು ನಟರು ಮೇಲೆ ಬರಲಿಲ್ಲ. ಈ ಸಭೆಯಲ್ಲಿ ಅದನ್ನು ಟಿವಿಯಲ್ಲಿ ನೋಡಿದವರು ಅನೇಕರಿರುತ್ತೀರಿ. ಮೈಯನ್ನೇ ಬಂಡವಾಳ ಮಾಡಿದ ಸಿನಿಮಾಕ್ಕೆ ಈ ಸಾಲ ಎಲ್ಲ ನಾಡಿನಲ್ಲೂ ಇದೆ. ‘ಹಗ್ಗವಿಲ್ಲ, ಬದಲಿ ನಟನಿಲ್ಲ’ ಎಂದು ಮುಂದೆ ಥಾಯ್ ಸಿನಿಮಾ ಹೆಮ್ಮೆಯಿಂದ ಡಂಗುರ ಸಾರಿದಾಗ ಆ ನಾಡಿನ ಹಿರಿಯ ಪ್ರೇಕ್ಷಕರಿಗೆ ಮಿತ್ ನೆನಪಾಗದೆ ಇರಲು ಸಾಧ್ಯವಿಲ್ಲ.

ಅಲ್ಲಿಂದ ಈಸಾನ್‌ಗೆ ಬರೋಣ. ಥಾಯ್ಲೆಂಡಿನ ಜನಸಂಖ್ಯೆಯ ಸುಮಾರು ಮೂರನೇ ಒಂದು ಭಾಗ ಇಲ್ಲಿನವರು. ಒಣ ಭೂಮಿ, ಲಾವೋಸಿಗೆ ಹತ್ತಿರದ ಮಾತು, ಬ್ಯಾಂಕಾಕಿನ ಟ್ಯಾಕ್ಸಿ, ಕಟ್ಟಡ ಕೆಲಸ, ಮನೆಗೆಲಸಕ್ಕೆ ಆಳು ಒದಗಿಸುವ ಸೀಮೆ. ಮುಯ್ ಥಾಯ್ ಕಣಕ್ಕೆ ಹುಡುಗರನ್ನು ಒದಗಿಸುವುದೂ ಇದೇ ಸೀಮೆ. ರಾಜಧಾನಿಯ ಧಾರಾವಾಹಿಗಳಲ್ಲಿ ಈಸಾನ್ ಉಚ್ಚಾರಣೆ ಕೇಳಿಸಿದರೆ ಅದು ಕೆಲಸದವಳದೋ ಡ್ರೈವರನದೋ ಎಂದು ಕಣ್ಣುಮುಚ್ಚಿ ಹೇಳಬಹುದಿತ್ತು.

ಖೋನ್ ಕೇನ್‌ನ ಪನ್ನಾ ರಿತ್ತಿಕ್ರೈ ಇಲ್ಲಿಯ ಹುಡುಗ. 1961ರಲ್ಲಿ ಹುಟ್ಟಿದವನು, ಬ್ರೂಸ್ ಲೀ, ಜಾಕಿ ಚಾನ್ ಚಿತ್ರಗಳನ್ನು ನೋಡಿ ನೋಡಿ ಕಲಿತು, ಊರಿನ ಹುಡುಗರನ್ನು ಕಟ್ಟಿಕೊಂಡು ಸಾಹಸದ ತಂಡ ಮಾಡಿದ. ದುಡ್ಡಿಲ್ಲ, ದೊಡ್ಡ ನಟರಿಲ್ಲ, ನಿಜವಾಗಿ ಬೀಳುವ ಹುಡುಗರು ಮಾತ್ರ ಧಾರಾಳವಾಗಿದ್ದರು. ಅವನ ಚಿತ್ರಗಳಿಗೆ ಬ್ಯಾಂಕಾಕಿನ ವಿಮರ್ಶಕರು ಕಣ್ಣೆತ್ತಿ ನೋಡಲಿಲ್ಲ. ಈಸಾನ್‌ನ ಬಯಲಿನಲ್ಲಿ, ದೇವಸ್ಥಾನದ ಜಾತ್ರೆಯಲ್ಲಿ ಬಿಳಿ ಪರದೆ ಕಟ್ಟಿ ತೋರಿಸುವ ಪ್ರದರ್ಶನಗಳಿಗೆ ಮಾತ್ರ ಜನ ನೆರೆಯುತ್ತಿದ್ದರು. ಹಾಗೆ ನೋಡಿದವರಲ್ಲಿ ಸುರಿನ್ ಪ್ರಾಂತ್ಯದ ಆನೆ ಸಾಕುವ ಮನೆಯ ಒಬ್ಬ ಹುಡುಗನಿದ್ದ, ಪನೋಮ್ ಯೀರಮ್. ಪನ್ನಾನ ‘ಬಾರ್ನ್ ಟು ಫೈಟ್’ ನೋಡಿ ಅವನ ಬಳಿಯೇ ಶಿಷ್ಯನಾಗಿ ಸೇರಿದ. ಜಗತ್ತು ಅವನನ್ನು ಟೋನಿ ಜಾ ಎಂದು ಕರೆಯುವುದಕ್ಕೆ ಇನ್ನೂ ಬಹಳ ವರ್ಷವಿತ್ತು. ನಡುವೆ ಹಾಲಿವುಡ್ಡಿನ ‘ಮಾರ್ಟಲ್ ಕಾಂಬ್ಯಾಟ್’ನ ಎರಡನೇ ಭಾಗದಲ್ಲಿ ನಾಯಕನಿಗೆ ಬದಲಿಯಾಗಿ ಬಿದ್ದದ್ದೂ ಉಂಟು. ಮುಖ ಇನ್ನೊಬ್ಬನದು, ಏಟು ಇವನದು.

2003ರಲ್ಲಿ ಪ್ರಚ್ಯಾ ಪಿಂಕೇವ್ ನಿರ್ದೇಶಿಸಿದ ‘ಓಂಗ್ ಬಾಕ್’ ಬಂತು. ಕತೆಯನ್ನು ಒಂದು ಅಂಚೆಕಾರ್ಡಿನಲ್ಲಿ ಬರೆಯಬಹುದು. ಈಸಾನ್‌ನ ಹಳ್ಳಿಯ ಬುದ್ಧಮೂರ್ತಿಯ ತಲೆಯನ್ನು ಬ್ಯಾಂಕಾಕಿನ ಕಳ್ಳರು ಕಡಿದೊಯ್ಯುತ್ತಾರೆ. ಟಿಂಗ್ ಎಂಬ ಹುಡುಗ, ಅಂದರೆ ನಮ್ಮ ಟೋನಿ ಜಾ, ಅದನ್ನು ತರಲು ಹೊರಡುತ್ತಾನೆ. ಅವನಿಗೆ ಮುಯ್ ಥಾಯ್ ಗೊತ್ತು, ಆದರೆ ಬಳಸಕೂಡದೆಂದು ಕಲಿಸಿದ ಭಿಕ್ಷುವೇ ಹೇಳಿದ್ದಾನೆ. ಮಾತು ಅವನಿಗೆ ಇನ್ನೂ ಕಡಿಮೆ. ಬ್ಯಾಂಕಾಕಿನಲ್ಲಿ ಅವನಿಗೆ ಸಿಗುವವನು ಅದೇ ಊರಿನ ಹಮ್ಲೆ. ಇವನು ಕೂದಲಿಗೆ ಬಣ್ಣ ಹಚ್ಚಿಕೊಂಡು, ಹೆಸರನ್ನು ಜಾರ್ಜ್ ಎಂದು ಬದಲಿಸಿಕೊಂಡು, ಊರಿನವರು ಎದುರಾದರೆ ಗುರುತೇ ಇಲ್ಲದವನಂತೆ ನಡೆದುಕೊಂಡು, ಜೂಜಿನಲ್ಲಿ ಮೋಸ ಮಾಡುತ್ತ ಬದುಕುವ ವಾಚಾಳಿ. ಈ ಪಾತ್ರಧಾರಿ ಪೆಟ್ಚ್‌ತಾಯ್ ವೊಂಗ್‌ಕಮ್ಲಾವ್, ಜನರ ಬಾಯಲ್ಲಿ ಮಮ್ ಜೊಕ್‌ಮೊಕ್. ಅವನೂ ಈಸಾನ್‌ನವನೇ, ಯಸೊಥೋನ್ ಪ್ರಾಂತ್ಯದವನು. ಒಬ್ಬನಿಗೆ ಮೈ, ಇನ್ನೊಬ್ಬನಿಗೆ ನಾಲಿಗೆ. ಖೋನ್ ರಂಗಸ್ಥಳದ ಹಂಚಿಕೆ ಬ್ಯಾಂಕಾಕಿನ ಗಲ್ಲಿಯಲ್ಲಿ ಹಾಗೇ ಮುಂದುವರಿದಿದೆ.

ಗಲ್ಲಿಯಲ್ಲಿ ಇಬ್ಬರನ್ನೂ ರೌಡಿಗಳು ಅಟ್ಟಿಸಿಕೊಂಡು ಬರುವ ದೃಶ್ಯವನ್ನು ಸ್ವಲ್ಪ ಹತ್ತಿರದಿಂದ ನೋಡೋಣ. ಟಿಂಗ್ ಮುಳ್ಳುತಂತಿಯ ಬಳೆಯೊಳಗಿಂದ ತೂರುತ್ತಾನೆ, ಎರಡು ಗಾಜಿನ ಹಲಗೆಗಳ ನಡುವಿನ ಸಂದಿಯಲ್ಲಿ ಹಾರುತ್ತಾನೆ, ಕಾಲುಗಳನ್ನು ಎರಡು ಕಡೆಗೆ ಚಾಚಿ ವಾಹನದ ಅಡಿಯಲ್ಲಿ ಜಾರುತ್ತಾನೆ, ಜನರ ಭುಜದ ಮೇಲೆ ಮೆಟ್ಟಿಲಿನ ಹಾಗೆ ಓಡುತ್ತಾನೆ. ಕ್ಯಾಮೆರಾ ತನ್ನ ಕಣ್ಣನ್ನೇ ನಂಬಲಾಗದೆ ಮುಖ್ಯ ಜಿಗಿತಗಳನ್ನು ಬೇರೆ ಬೇರೆ ಕೋನದಿಂದ ಮತ್ತೆ ಮತ್ತೆ ತೋರಿಸುತ್ತದೆ. ಅದೇ ಹೊತ್ತಿಗೆ ಜಾರ್ಜ್ ಏನು ಮಾಡುತ್ತಿದ್ದಾನೆ? ತಿಂಡಿ ಅಂಗಡಿಯ ಮಚ್ಚು ಕಸಿದು ತಿರುಗಿ ನಿಲ್ಲುತ್ತಾನೆ. ರೌಡಿಗಳು ಹೆದರಿ ನಿಲ್ಲುತ್ತಾರೆ. ಅವನ ಮುಖದಲ್ಲಿ ವೀರನ ಕಳೆ. ಆ ಕ್ಷಣಕ್ಕೆ ಸರಿಯಾಗಿ ಒಬ್ಬ ಹೆಂಗಸು ‘ಚಾಕು, ಚಾಕು’ ಎಂದು ಕೂಗಿಕೊಂಡು ಚಾಕು ಮಾರುತ್ತ ಬರುತ್ತಾಳೆ. ರೌಡಿಗಳು ತಲೆಗೊಂದು ಕೈಗೆತ್ತಿಕೊಳ್ಳುತ್ತಾರೆ. ಜಾರ್ಜ್ ಮತ್ತೆ ಓಟ. ಟಿಂಗ್‌ನ ಗಲ್ಲಿಯಲ್ಲಿ ಅಡ್ಡಬಂದದ್ದೆಲ್ಲ ಅವನ ಮೈಗೆ ಚಿಮ್ಮುಹಲಗೆ. ಜಾರ್ಜ್‌ನ ಗಲ್ಲಿಯಲ್ಲಿ ಹಾದುಹೋಗುವ ಪ್ರತಿಯೊಂದೂ ಅವನ ಶತ್ರು. ಒಂದೇ ಗಲ್ಲಿ, ಒಂದೇ ಓಟ. ಚಿತ್ರ ಇನ್ನೂ ತನ್ನ ಸಾಹಸದ ಹೆಗ್ಗಳಿಕೆ ಹೇಳಿಕೊಳ್ಳುತ್ತಿರುವಾಗಲೇ ಅದರ ಅಣಕ ಪಕ್ಕದಲ್ಲೇ ಓಡುತ್ತಿದೆ. ಅಣಕ ನಂತರ ಬಂದದ್ದಲ್ಲ, ಜೊತೆಗೇ ಹುಟ್ಟಿದ್ದು.

ತಂಡದವರ ಕುಚೇಷ್ಟೆ ಇಷ್ಟಕ್ಕೇ ನಿಂತಿಲ್ಲ. ದೃಶ್ಯಗಳ ಹಿನ್ನೆಲೆಯನ್ನು ಗಮನವಿಟ್ಟು ನೋಡಿದರೆ ಒಂದೆಡೆ ಸ್ಪೀಲ್‌ಬರ್ಗ್‌ಗೆ ನಮಸ್ಕಾರ ಹೇಳಿ ‘ಬನ್ನಿ, ಜೊತೆಗೆ ಸಿನಿಮಾ ಮಾಡೋಣ’ ಎಂದು, ಇನ್ನೊಂದೆಡೆ ಫ್ರೆಂಚ್ ನಿರ್ಮಾಪಕ ಲ್ಯೂಕ್ ಬೆಸೋನ್‌ಗೆ ‘ನಿಮಗಾಗಿ ಕಾಯುತ್ತಿದ್ದೇವೆ’ ಎಂದು ಗೋಡೆಬರಹವಿದೆ. ಮೊದಲನೆಯವರು ಬರಲಿಲ್ಲ. ಎರಡನೆಯವರು ನಿಜವಾಗಿಯೂ ಬಂದರು: ಬೆಸೋನ್‌ನ ಕಂಪನಿ ಚಿತ್ರದ ವಿದೇಶಿ ಹಕ್ಕು ಕೊಂಡು, ಸಂಗೀತ ಬದಲಿಸಿ, ನಾಯಕಿಯ ಅಕ್ಕನ ಉಪಕಥೆಗೆ ಕತ್ತರಿ ಹಾಕಿ ಹೊರದೇಶಗಳಿಗೆ ಕಳಿಸಿತು. ಹೊರಗಿನವರಿಗೆ ಮೈ ಸಾಕಾಗಿತ್ತು. ಮಮ್‌ನ ಮಾತಿನ ಧಾಟಿ, ಈಸಾನ್‌ನವನು ಬ್ಯಾಂಕಾಕಿನವನಂತೆ ನಟಿಸುವಾಗ ನಾಲಿಗೆ ತಡವರಿಸುವ ಸೊಗಸು ಅಡಿಬರಹದಲ್ಲಿ ಉಳಿಯುವಂಥದ್ದಲ್ಲ. ಬೆಂಗಳೂರಿನಲ್ಲಿ ಡಿವಿಡಿಯಲ್ಲಿ ಈ ಚಿತ್ರ ನೋಡಿದ ನಮ್ಮಲ್ಲಿ ಹೆಚ್ಚಿನವರು ಮೊಣಕಾಲಿನ ಏಟು ಎಣಿಸುತ್ತ ಜಾರ್ಜ್‌ನ ಭಾಗವನ್ನು ಓಡಿಸಿಕೊಂಡು ಹೋದೆವು.

ಕೊನೆಗೆ ಆ ವಾಚಾಳಿಯೇ ಮೂರ್ತಿಯ ತಲೆಯ ಮೇಲೆ ಬಿದ್ದು, ಖಳನ ಸುತ್ತಿಗೆಯ ಏಟನ್ನು ತನ್ನ ಮೈಗೆ ತೆಗೆದುಕೊಂಡು ಸಾಯುತ್ತಾನೆ. ಚಿತ್ರದುದ್ದಕ್ಕೂ ನಾಲಿಗೆಯಾಗಿದ್ದವನು ಕೊನೆಯಲ್ಲಿ ಮೈಯಾಗುತ್ತಾನೆ. ಟೋನಿ ಜಾನ ಉರಿಯುವ ಕಾಲಿನ ಒದೆತಕ್ಕಿಂತ ಇದು ನನಗೆ ದೊಡ್ಡ ದೃಶ್ಯ. ಆ ಬೆಂಕಿ ನಿಜವಾದದ್ದು, ನಟನ ಹುಬ್ಬು, ರೆಪ್ಪೆ ಸುಟ್ಟಿದ್ದವು ಎಂಬುದನ್ನು ತಿಳಿದೂ ಹೀಗೆ ಹೇಳುತ್ತಿದ್ದೇನೆ.

ಮಮ್ ಎಲ್ಲಿಂದ ಬಂದ? ಬ್ಯಾಂಕಾಕಿನ ಕೆಫೆಗಳಿಂದ. ಈ ಕೆಫೆ ನಾವು ಕಾಫಿ ಕುಡಿಯುವ ಜಾಗವಲ್ಲ; ರಾತ್ರಿ ಊಟ, ಮದ್ಯ, ಹಾಡು, ನಡುವೆ ಹಾಸ್ಯಗಾರರ ಮೇಳ ಇರುವ ದೊಡ್ಡ ಹಾಲು. ಎಂಬತ್ತು, ತೊಂಬತ್ತರ ದಶಕಗಳಲ್ಲಿ ಇವು ತುಂಬಿ ತುಳುಕುತ್ತಿದ್ದವು. ಹಾಸ್ಯಗಾರರು ಮೇಳದ ಹೆಸರನ್ನೇ ಮನೆತನದ ಹೆಸರಿನಂತೆ ಇಟ್ಟುಕೊಳ್ಳುತ್ತಿದ್ದರು. ಮಮ್ ಜೊಕ್‌ಮೊಕ್ ಅಂದರೆ ಜೊಕ್‌ಮೊಕ್ ಮೇಳದ ಮಮ್. ಲಿಖಿತ ಪಾಠವೇನೂ ಇಲ್ಲ. ಒಬ್ಬ ಕೆಣಕುವವನು, ಒಬ್ಬ ಪೆದ್ದ, ಒಬ್ಬ ಹೆಣ್ಣುವೇಷದವನು. ಮಾತು ಗುರಿ ಮುಟ್ಟಿದೊಡನೆ ಡ್ರಮ್ಮಿನವನು ಒಂದು ಏಟು ಕೊಡಬೇಕು. ಆ ಏಟಿಗೆ ಸರಿಯಾಗಿ ಒಬ್ಬ ಇನ್ನೊಬ್ಬನ ತಲೆಗೆ ತಟ್ಟೆಯಿಂದ ಬಾರಿಸಬೇಕು. ಲೋಹದ ತಟ್ಟೆಯ ಸದ್ದು ದೊಡ್ಡದು, ನೋವು ಸದ್ದಿನಷ್ಟಿಲ್ಲ. ಹೊಡೆತದ ತಾಳ, ಬೀಳುವ ಕಲೆ, ಎದುರಾಳಿಯ ಮೇಲಿನ ನಂಬಿಕೆ: ಸಾಹಸ ತಂಡಕ್ಕೆ ಬೇಕಾದ ಮೂರೂ ಇಲ್ಲಿಯವರಿಗೆ ಕರಗತ. ನಂತರ ಕೆಫೆಗಳು ಇಳಿಮುಖವಾದವು. ಹಾಸ್ಯಗಾರರು ಟಿವಿಗೆ ಹೋದರು. ‘ಚಿಂಗ್ ರೋಯ್ ಚಿಂಗ್ ಲಾನ್’ ಎಂಬ ಕಾರ್ಯಕ್ರಮದಲ್ಲಿ ಮಮ್, ಥೆಂಗ್, ನೋಂಗ್ ಎಂಬ ಮೂವರು ದೇಶಕ್ಕೆಲ್ಲ ಮನೆಮಾತಾದರು. ಸಿನಿಮಾಕ್ಕೆ ಬರುವಾಗ ತಟ್ಟೆಯ ತಾಳವನ್ನು ಜೊತೆಗೇ ತಂದರು.

‘ಓಂಗ್ ಬಾಕ್’ ಬಂದ ಮರುವರ್ಷ, 2004ರಲ್ಲಿ, ಮಮ್ ತಾನೇ ನಿರ್ದೇಶಿಸಿ ನಟಿಸಿದ ‘ದಿ ಬಾಡಿಗಾರ್ಡ್’ ಬಂತು. ಹಣ ಹಾಕಿದ್ದು ‘ಓಂಗ್ ಬಾಕ್’ ತೆಗೆದ ಅದೇ ಸಹಮೊಂಗ್‌ಕೋಲ್ ಸಂಸ್ಥೆ. ನಿರ್ಮಾಣದಲ್ಲಿ ಅದೇ ಪ್ರಚ್ಯಾ, ಹೊಡೆದಾಟದ ಉಸ್ತುವಾರಿ ಅದೇ ಪನ್ನಾ. ಅಣಕಿಸಲ್ಪಟ್ಟವರೇ ಅಣಕಕ್ಕೆ ದುಡ್ಡು, ಹಗ್ಗ, ಆಳು ಕೊಟ್ಟರು. ಹಾಲಿವುಡ್ಡಿನಲ್ಲಿ ದೊಡ್ಡ ಚಿತ್ರ ಗೆದ್ದರೆ ಬೇರೆ ಯಾರೋ ಬಂದು ಅದನ್ನು ಗೇಲಿ ಮಾಡುತ್ತಾರೆ. ಇಲ್ಲಿ ಗೇಲಿ ಮನೆಯೊಳಗಿನದು, ಮದುವೆಮನೆಯಲ್ಲಿ ಬೀಗರ ಮೇಲೆ ಹಾಡು ಕಟ್ಟಿ ಹೇಳಿದ ಹಾಗೆ.

ಮಮ್ ಇಲ್ಲಿ ಕರಿ ಸೂಟು, ಕಪ್ಪು ಕನ್ನಡಕದ ಅಂಗರಕ್ಷಕ. ಕಾಯಬೇಕಾದ ಧಣಿಯೇ ಸಾಯುತ್ತಾನೆ. ಧಣಿಯ ಮಗ ಇವನನ್ನು ಕೆಲಸದಿಂದ ತೆಗೆದು, ಆಮೇಲೆ ತಾನೇ ಕೊಳೆಗೇರಿಯಲ್ಲಿ ಅಡಗಬೇಕಾಗುತ್ತದೆ. ಈ ಕತೆಯಲ್ಲಿ ಹೊಸದೇನಿಲ್ಲ. ಹೊಸದು ಆ ಮೈ. ಗಿಡ್ಡ, ಗುಂಡು, ನಲವತ್ತರ ಹತ್ತಿರದ ಒಂದು ಮೈ ಟೋನಿ ಜಾ ಹಾರಬೇಕಾದ ಕಡೆಯಲ್ಲೆಲ್ಲ ಹಾರುತ್ತದೆ. ಮುಖದಲ್ಲಿ ನಗುವಿಲ್ಲ. ಅಣಕದ ಗುಟ್ಟೇ ಅದು. ಮಮ್ ನಡುವೆ ಒಂದು ಸಲವೂ ‘ಇದು ತಮಾಷೆ ಕಣ್ರೀ’ ಎಂದು ಕಣ್ಣು ಮಿಟುಕಿಸುವುದಿಲ್ಲ. ಒಂದು ಸೂಪರ್‌ಮಾರ್ಕೆಟ್ ದೃಶ್ಯದಲ್ಲಿ ಸ್ವತಃ ಟೋನಿ ಜಾ ಬಂದು ಹೊಡೆದಾಡಿ ಹೋಗುತ್ತಾನೆ. ‘ಓಂಗ್ ಬಾಕ್’ನಲ್ಲಿ ನಾಲಿಗೆ ಮೈಗೆ ಜೊತೆಯಾಗಿತ್ತು, ಇಲ್ಲಿ ನಾಲಿಗೆಯ ಮನೆಗೆ ಮೈ ಅತಿಥಿಯಾಗಿ ಬಂದಿದೆ. 2007ರ ಎರಡನೇ ಭಾಗದಲ್ಲಿ ಮಮ್ ನೆರೆಯ ಒಂದು ಕಲ್ಪಿತ ದೇಶದ ಗೂಢಚಾರ, ಬ್ಯಾಂಕಾಕಿನಲ್ಲಿ ಹಳ್ಳಿಹಾಡಿನ ಗಾಯಕನ ವೇಷದಲ್ಲಿ ಅಡಗಿರುವವನು. ಆ ದೇಶದವರ ನಡೆನುಡಿ ನೋಡಿದ ಈಸಾನ್‌ನವರಿಗೆ ಅದು ಯಾರ ಮನೆ ಎಂದು ಯಾರೂ ಹೇಳಿಕೊಡಬೇಕಿಲ್ಲ. ಎರಡನೇ ಭಾಗ ಮೊದಲನೆಯದರಷ್ಟು ಬಿಗಿಯಾಗಿಲ್ಲ ಎಂದೂ ಹೇಳಬೇಕು. ಮಮ್‌ಗೆ ಕತ್ತರಿ ಹಿಡಿಯುವ ಕೈ ಸ್ವಲ್ಪ ಮೃದು.

2005ರಲ್ಲಿ ಅವನು ‘ಯಮ್ ಯಸೊಥೋನ್’ ಎಂಬ ಚಿತ್ರ ಮಾಡಿದ. ಹೊಡೆದಾಟವಲ್ಲ, ಹಳೆಯ ಹಳ್ಳಿ ಪ್ರೇಮಚಿತ್ರಗಳ ಅಣಕ, ಕಣ್ಣು ಕುಕ್ಕುವ ಬಣ್ಣದ ಬಟ್ಟೆ. ಪಾತ್ರಗಳೆಲ್ಲ ಈಸಾನ್ ಮಾತಾಡುತ್ತವೆ. ಕೆಳಗೆ ಬ್ಯಾಂಕಾಕಿನವರಿಗಾಗಿ ಅಡಿಬರಹ. ಅಡಿಬರಹ ಓದುವ ಕಷ್ಟ ಈ ಸಲ ರಾಜಧಾನಿಯ ಪಾಲಿಗೆ ಬಂತು.

ಇದೇ ವರ್ಷಗಳ ಇತರ ಚಿತ್ರಗಳನ್ನು ಬೇಗ ದಾಟುತ್ತೇನೆ. ‘ಓಂಗ್ ಬಾಕ್’ಗಿಂತ ಮೊದಲೇ, 2001ರಲ್ಲಿ, ಯುತ್‌ಲೆರ್ತ್ ಸಿಪ್ಪಪಾಕ್‌ನ ‘ಕಿಲ್ಲರ್ ಟ್ಯಾಟೂ’ ಬಂದಿತ್ತು; ಅದರಲ್ಲಿ ತಾನೇ ಎಲ್ವಿಸ್ ಪ್ರೀಸ್ಲಿ ಎಂದು ನಂಬಿದ ಬಾಡಿಗೆ ಹಂತಕನಿದ್ದಾನೆ, ಮಮ್ ಕೂಡ ಇದ್ದಾನೆ. 2004ರ ‘ಸಾರ್ಸ್ ವಾರ್ಸ್’ ಹಿಂದಿನ ವರ್ಷದ ರೋಗದ ಭಯವನ್ನೇ ಹಿಡಿದು ಖಡ್ಗವೀರರನ್ನೂ ಜೀವಂತ ಹೆಣಗಳನ್ನೂ ಒಂದೇ ಬಾಣಲೆಗೆ ಹಾಕಿತು. 2006ರ ‘ಚಾಯ್ ಲಾಯ್’ ಹಾಲಿವುಡ್ಡಿನ ‘ಚಾರ್ಲೀಸ್ ಏಂಜೆಲ್ಸ್’ನ ಅಣಕ, ಅಣಕಕ್ಕೂ ಶಿಸ್ತು ಬೇಕೆಂದು ತಿಳಿಯಲು ಅದನ್ನು ನೋಡಬಹುದು, ಬೇರೆ ಕಾರಣಕ್ಕೆ ಬೇಡ.

2007ರ ‘ಕುಂಗ್‌ಫೂ ಟೂಟ್ಸಿ’ಯ ಹತ್ತಿರ ಮಾತ್ರ ನಿಲ್ಲಬೇಕು. ನಿರ್ದೇಶಕ ಜಾತುರೋಂಗ್ ಮೊಕ್‌ಜೊಕ್ ಕೂಡ ಕೆಫೆ ಹಾಸ್ಯದ ಸಾಲಿನವನು. ಹಾಂಗ್‌ಕಾಂಗ್ ಚಿತ್ರಗಳ ಧಾಟಿಯ ಭೂಗತ ಗ್ಯಾಂಗು, ಗಾದಿಗೆ ವಾರಸುದಾರ ಬೇಕು, ಹುಡುಕಿ ಕರೆತಂದವನು ಕಥೋಯಿ. ಗಂಡಾಗಿ ಹುಟ್ಟಿ ಹೆಣ್ಣಾಗಿ ಬದುಕುವವರಿಗೆ ಥಾಯ್ ಜನ ಹೇಳುವ ಹೆಸರು ಅದು. ಕುಂಗ್‌ಫೂ ಸಿನಿಮಾದ ಗಂಡಸುತನದ ಬಿಗುಮಾನಕ್ಕೆ ಸೂಜಿ ಚುಚ್ಚುವ ಉಪಾಯ ಜಾಣತನದ್ದೇ. ಆದರೆ ಚಿತ್ರ ಗ್ಯಾಂಗಿನ ಬಿಗುಮಾನ ನೋಡಿ ನಗುವುದಕ್ಕಿಂತ ಕಥೋಯಿಯ ಬಳುಕು ನೋಡಿ ನಗುವುದೇ ಹೆಚ್ಚು. ಕೆಫೆಯ ಹೆಣ್ಣುವೇಷದಿಂದ ಬಂದ ಸುಲಭದ ನಗು ಅದು. ಸೂಜಿ ಬೇರೆಯವರಿಗೆ ಚುಚ್ಚಿತು.

ಇದಕ್ಕಿಂತ ಹರಿತವಾದ ಅಣಕವನ್ನು ನಿಜಜೀವನ ಅಷ್ಟರಲ್ಲಿ ಮಾಡಿ ಮುಗಿಸಿತ್ತು. 1998ರಲ್ಲಿ ಪರಿನ್ಯಾ ಚರೋನ್‌ಫೋಲ್, ನೋಂಗ್ ತೂಮ್ ಎಂದು ಹೆಸರಾದ ಮುಯ್ ಥಾಯ್ ಪಟು, ಬ್ಯಾಂಕಾಕಿನ ಲುಂಪಿನಿ ಕಣಕ್ಕೆ ಇಳಿದರು. ಹೆಂಗಸು ಹಗ್ಗ ದಾಟಿ ಒಳಗೆ ಕಾಲಿಡುವಂತಿಲ್ಲದ ಕಣ ಆಗ ಅದು. ಆಕೆ ತುಟಿಗೆ ಬಣ್ಣ ಹಚ್ಚಿಕೊಂಡೇ ಬಂದರು. ಎದುರಾಳಿ ಅಣಕಿಸಿದ. ಆಕೆ ಅವನನ್ನು ಸೋಲಿಸಿ, ಆಮೇಲೆ ಕೆನ್ನೆಗೊಂದು ಮುತ್ತು ಕೊಟ್ಟರು. ಇಡೀ ಪಂದ್ಯದ ಗಂಡುಗಂಭೀರ ಆ ಒಂದು ಮುತ್ತಿನಲ್ಲಿ ಮುಗಿಯಿತು. ಅವರ ಬದುಕಿನ ಮೇಲೆ ಎಕಚಾಯ್ ಉಎಕ್ರೊಂಗ್‌ಥಾಮ್ ‘ಬ್ಯೂಟಿಫುಲ್ ಬಾಕ್ಸರ್’ ಎಂಬ ಚಿತ್ರ ಮಾ‌ಡಿದ. ಮುಖ್ಯಪಾತ್ರಕ್ಕೆ ನಟನ ಬದಲು ಅಸನೀ ಸುವಾನ್ ಎಂಬ ನಿಜವಾದ ಬಾಕ್ಸರನ್ನು ಹಾಕಿದ. ಅದು ಹಾಸ್ಯಚಿತ್ರವಲ್ಲ. ಆದರೂ ‘ಕುಂಗ್‌ಫೂ ಟೂಟ್ಸಿ’ ಕೇಳಬೇಕಿದ್ದ ಪ್ರಶ್ನೆಯನ್ನು ಕೇಳಿದ್ದು ಅದೇ.

ಇನ್ನು ಗಂಭೀರ ಚಿತ್ರ ತಾನಾಗಿಯೇ ನಗುವಾದ ಒಂದು ಪ್ರಸಂಗ. 2005ರ ‘ತೋಮ್ ಯಮ್ ಗೂಂಗ್’ನಲ್ಲಿ ಟೋನಿ ಜಾನ ಆನೆಯನ್ನು ಕದ್ದು ಸಿಡ್ನಿಗೆ ಒಯ್ಯುತ್ತಾರೆ. ಒಂದು ಹೋಟೆಲಿನ ಸುತ್ತು ಮೆಟ್ಟಿಲುಗಳನ್ನು ಏರುತ್ತ, ಸುಮಾರು ನಾಲ್ಕು ನಿಮಿಷ ಎಲ್ಲೂ ಕತ್ತರಿಸದೆ ಒಂದೇ ಓಟದಲ್ಲಿ ತೆಗೆದ ಹೊಡೆದಾಟ ಅದರಲ್ಲಿದೆ. ಕೊನೆಯ ಅಂತಸ್ತಿಗೆ ಬರುವಾಗ ನಟನಿಗೆ ನಿಜವಾಗಿ ಏದುಸಿರು ಬಂದಿರುವುದು ಕಾಣುತ್ತದೆ. ಸಿಡ್ನಿ ವಿಮಾನ ನಿಲ್ದಾಣದಲ್ಲಿ ಜಾಕಿ ಚಾನ್‌ನನ್ನೇ ಹೋಲುವ ಒಬ್ಬ ಅವನಿಗೆ ಢಿಕ್ಕಿ ಹೊಡೆದು ಹೋಗುತ್ತಾನೆ. ಗುರುಪರಂಪರೆಗೆ ಅದು ಕಾಣಿಕೆಯೂ ಹೌದು, ಕೀಟಲೆಯೂ ಹೌದು. ಮಮ್ ಇಲ್ಲಿ ಸಿಡ್ನಿಯ ಥಾಯ್ ಪೊಲೀಸ್, ಇಂಗ್ಲಿಷ್ ಎಂಬ ಮುಳ್ಳುಬೇಲಿಯಲ್ಲಿ ಸಿಕ್ಕಿದ ವಾಚಾಳಿ. ಟೋನಿ ಜಾ ಶತ್ರುಗಳ ನಡುವೆ ನಿಂತು ‘ನನ್ನ ಆನೆ ಎಲ್ಲಿ?’ ಎಂದು ಗರ್ಜಿಸುತ್ತಾನೆ. ಆನೆ ಮನೆಯ ಹುಡುಗ, ಕರುಳಿನಿಂದ ಬಂದ ಕೂಗು. ಥಾಯ್ ಪ್ರೇಕ್ಷಕರು ಅದನ್ನು ಕೇಳಿ ಕಣ್ಣೀರು ಹಾಕುವ ಬದಲು ನಕ್ಕರು, ಕಳೆದುಹೋದ ಬೀಗದ ಕೈಗೂ ಅದೇ ಗರ್ಜನೆ ಬಳಸತೊಡಗಿದರು. ಮಾತಿಲ್ಲದ ವೀರ ಬಾಯಿ ತೆರೆದರೆ ಆ ನಾಡಿನಲ್ಲಿ ಹೀಗಾಗುತ್ತದೆ. ಮಾತು ಕೋಡಂಗಿಯ ಆಸ್ತಿಯೆಂದು ಅವರ ಕಿವಿಗೆ ತಲೆಮಾರುಗಳಿಂದ ಗೊತ್ತು.

2008ರ ‘ಚಾಕೊಲೇಟ್’ಗೆ ಬರುತ್ತೇನೆ, ನಿರ್ದೇಶಕ ಪ್ರಚ್ಯಾ. ನಾಯಕಿ ಝೆನ್ ಆಟಿಸಂ ಇರುವ ಹುಡುಗಿ, ಮಾತು ವಿರಳ. ಪಕ್ಕದ ಮುಯ್ ಥಾಯ್ ಶಾಲೆಯನ್ನೂ ಟಿವಿಯ ಹೊಡೆದಾಟದ ಚಿತ್ರಗಳನ್ನೂ ನೋಡಿ ನೋಡಿಯೇ ಪಟ್ಟು ಕಲಿಯುತ್ತಾಳೆ. ಆ ಟಿವಿಯಲ್ಲಿ ಟೋನಿ ಜಾನೂ ಕಾಣುತ್ತಾನೆ. ಅಮ್ಮನ ಔಷಧಿಗೆ ಹಣ ಬೇಕು, ಬರಬೇಕಾದ ಸಾಲ ವಸೂಲಿಗೆ ಹೊರಡುತ್ತಾಳೆ. ಒಬ್ಬ ಸಾಲಗಾರನದು ಐಸ್ ಫ್ಯಾಕ್ಟರಿ. ಮಂಜುಗಡ್ಡೆಯ ದಿಮ್ಮಿಗಳ ನಡುವೆ ಅವಳು ನಿಂತ ರೀತಿ, ಮೂಗಿಗೆ ಹೆಬ್ಬೆರಳು ಒರೆಸುವ ರೀತಿ, ಬಾಯಿಂದ ಹೊರಡುವ ಆ ಕೀರಲು ಕೂಗು ಎಲ್ಲ ಬ್ರೂಸ್ ಲೀಯದು. ಪಾಕ್ ಚೋಂಗಿನ ಫ್ಯಾಕ್ಟರಿ 37 ವರ್ಷದ ನಂತರ ಒಬ್ಬ ಹುಡುಗಿಯ ಪಾಲಿಗೆ ಬಂದಿದೆ. ನಗು ಬರುತ್ತದೆ, ನಗುವಾಗಲೇ ಗಂಟಲು ಕಟ್ಟುತ್ತದೆ. ಯಾಕೆಂದರೆ ಅವಳಿಗೆ ಇರುವ ನಾಲಿಗೆ ಸಿನಿಮಾ ಕೊಟ್ಟದ್ದು ಮಾತ್ರ. ಜೀಜಾ ಯಾನಿನ್ ಎಂಬ ನಟಿಗೆ ಇದು ಮೊದಲ ಚಿತ್ರ. ಕೊನೆಯಲ್ಲಿ ಹೆಸರುಗಳು ಓಡುವಾಗ, ಜಾಕಿ ಚಾನ್ ರೂಢಿಗೆ ತಂದ ಹಾಗೆ, ಚಿತ್ರೀಕರಣದ ತಪ್ಪೇಟುಗಳನ್ನು ತೋರಿಸುತ್ತಾರೆ. ಜಾಕಿಯದರಲ್ಲಿ ನಗುತ್ತ ನೋಡಬಹುದು. ಇಲ್ಲಿ ಒಬ್ಬರ ಹಿಂದೊಬ್ಬರು ಆಸ್ಪತ್ರೆ ಸೇರಿದವರನ್ನು ಕಂಡ ಮೇಲೆ ಹೊಡೆದಾಟದ ಸೊಗಸು ಹೊಗಳುವ ನಾಲಿಗೆ ಸ್ವಲ್ಪ ಹೊತ್ತು ಹಿಂಜರಿಯುತ್ತದೆ.

ನಗು ಜೊತೆಗಿಲ್ಲದಿದ್ದರೆ ಏನಾಗುತ್ತದೆ ಎಂಬುದಕ್ಕೆ ಅದೇ ವರ್ಷದ ‘ಓಂಗ್ ಬಾಕ್ 2’ ಇದೆ. ಹೆಸರು ಬಿಟ್ಟರೆ ಮೊದಲ ಕತೆಗೂ ಇದಕ್ಕೂ ಸಂಬಂಧವಿಲ್ಲ. ಹದಿನೈದನೇ ಶತಮಾನದ ಸರದಾರನ ಮಗ, ಸೇಡು, ಕೆಸರು, ಮೊಸಳೆ. ಟೋನಿ ಜಾ ತಾನೇ ನಿರ್ದೇಶಕನೂ ಆದ. ಹಣ ಮೀರಿತು, ನಡುವೆ ಅವನು ಚಿತ್ರೀಕರಣ ಬಿಟ್ಟು ಕಾಣೆಯಾದ, ಟಿವಿಯಲ್ಲಿ ಅತ್ತ, ಕೊನೆಗೆ ಗುರು ಪನ್ನಾ ಬಂದು ಜೊತೆ ನಿಂತು ಮುಗಿಸಿಕೊಟ್ಟ. ಹೊಡೆದಾಟಗಳು ಮೊದಲಿಗಿಂತ ಬಲವಾಗಿವೆ. ಮಮ್ ಒಬ್ಬ ಹುಚ್ಚನ ಚಿಕ್ಕ ಪಾತ್ರದಲ್ಲಿ ಮಿಂಚಿ ಮರೆಯಾಗುತ್ತಾನೆ. ಪಕ್ಕದಲ್ಲಿ ಓಡುವ ಜಾರ್ಜ್ ಇಲ್ಲದ ಕಾರಣ ಎಷ್ಟು ಎತ್ತರ ಜಿಗಿದರೂ ಅಳೆಯುವ ಕೋಲೇ ಇಲ್ಲ. ನೋಡುವವನಿಗೆ ಮೈಕೈ ನೋವು ಮಾತ್ರ ಉಳಿಯುತ್ತದೆ. 2010ರಲ್ಲಿ ಮೂರನೇ ಭಾಗ ಬಂತು. ಅದೇ ವರ್ಷ ಟೋನಿ ಜಾ ಕೆಲಕಾಲ ಭಿಕ್ಷುವಾದ. 2014ರಲ್ಲಿ ಪನ್ನಾ ತೀರಿಕೊಂಡ, 53ರ ವಯಸ್ಸಿನಲ್ಲಿ. ಮರುವರ್ಷ ಟೋನಿ ಜಾ ಹಾಲಿವುಡ್ಡಿನ ‘ಫ್ಯೂರಿಯಸ್ 7’ರಲ್ಲಿ ಖಳನ ಕಡೆಯ ಹೊಡೆದಾಟಗಾರನಾಗಿ ಕಾಣಿಸಿಕೊಂಡ. ಕೊಟ್ಟ ಮಾತು ಬೆರಳೆಣಿಕೆಯಷ್ಟು, ಜೊತೆಗೆ ಮಮ್ ಇಲ್ಲ.

ಉಪನ್ಯಾಸ ಮುಗಿದ ಮೇಲೆ ಎಲ್ಲಿಂದ ನೋಡಲು ಶುರು ಮಾಡಬೇಕೆಂದು ಯಾರಾದರೂ ಕೇಳುತ್ತಾರೆ, ಈಗಲೇ ಹೇಳಿಬಿಡುತ್ತೇನೆ. ಮೊದಲು ‘ಓಂಗ್ ಬಾಕ್’, ಸಿಕ್ಕರೆ ಬೆಸೋನ್ ಕತ್ತರಿ ಹಾಕದ ಥಾಯ್ ಪ್ರತಿ. ಒಂದೆರಡು ದಿನ ಬಿಟ್ಟು ‘ದಿ ಬಾಡಿಗಾರ್ಡ್’. ಆಮೇಲೆ ‘ಚಾಕೊಲೇಟ್’, ಅದಕ್ಕೆ ಮೊದಲು ‘ದಿ ಬಿಗ್ ಬಾಸ್’ನ ಐಸ್ ಫ್ಯಾಕ್ಟರಿ ಹೊಡೆದಾಟವನ್ನಾದರೂ ನೋಡಿಕೊಳ್ಳಿ. ಇಂಗ್ಲಿಷಿಗೆ ಡಬ್ ಮಾಡಿದ್ದನ್ನು ಮುಟ್ಟಬೇಡಿ. ಅಡಿಬರಹ ಎಷ್ಟೇ ಕೆಟ್ಟದಿದ್ದರೂ ಮಮ್‌ನ ದನಿ ಅವನದೇ ಇರಲಿ. ಗಲ್ಲಿಯ ಓಟ ಬಂದಾಗ ರಿಮೋಟನ್ನು ಪಕ್ಕಕ್ಕಿಟ್ಟು ಜಾರ್ಜ್‌ನ ಹಿಂದೆ ಓಡಿ. ಟಿಂಗ್ ಹೇಗೂ ತಪ್ಪಿಸಿಕೊಳ್ಳುತ್ತಾನೆ.